ಸೀರಿಯಲ್‌ಗೆ ಹೋದರೆ ಸಿನಿಮಾ ಕೈತಪ್ಪುತ್ತಾ? ಕಾರ್ಮೆನ್ ಮೌರಾ ಹೆಸರು ಹೇಳುವ ಮಗಳು, ನಿದ್ದೆಗೆಟ್ಟ ತಾಯಿ

ಪ್ರಶ್ನೆ: ನಮಸ್ಕಾರ ಸರ್. ನಾವು ಹಾಸನದ ಕಡೆಯವರು, ಮ್ಯಾಡ್ರಿಡ್‌ಗೆ ಬಂದು 17 ವರ್ಷ ಆಯ್ತು. ಮಗಳಿಗೆ ಈಗ 20. ಇಲ್ಲಿನ ಸರ್ಕಾರಿ ನಾಟಕ ಶಾಲೆಯಲ್ಲಿ ಎರಡನೇ ವರ್ಷ ಓದುತ್ತಿದ್ದಾಳೆ. ಹೋದ ತಿಂಗಳು, ದಿನವೂ ಮಧ್ಯಾಹ್ನ ಬರುವ ಒಂದು ಧಾರಾವಾಹಿಗೆ ಆಡಿಷನ್ ಕೊಟ್ಟಿದ್ದಳು, ಆಯ್ಕೆ ಆಗಿದ್ದಾಳೆ. ಆಸ್ಪತ್ರೆಯಲ್ಲಿ ಕಲಿಯುತ್ತಿರುವ ನರ್ಸ್ ಪಾತ್ರ, ಮೊದಲಿಗೆ ಆರು ತಿಂಗಳು. ಶುಕ್ರವಾರದೊಳಗೆ ಉತ್ತರ ಹೇಳಬೇಕಂತೆ. ಅವಳ ಮೇಷ್ಟ್ರೊಬ್ಬರು ‘ಸೀರಿಯಲ್ ಮುಖ ಅಂತ ಒಂದು ಸಲ ಮುದ್ರೆ ಬಿದ್ದರೆ ಸಿನಿಮಾದವರು ತಿರುಗಿಯೂ ನೋಡಲ್ಲ’ ಎಂದಿದ್ದಾರೆ. ಅವಳಿಗೂ ಮನಸ್ಸಿಲ್ಲ. ಇಲ್ಲಿನ ಹಿರಿಯ ಸಿನಿಮಾ ನಟಿ ಕಾರ್ಮೆನ್ ಮೌರಾ ಅಂದರೆ ಅವಳಿಗೆ ದೇವರು. ‘ಮೌರಾಗೆ ಅಲ್ಮೊದೋವರ್ ಸಿಕ್ಕ ಹಾಗೆ ನನಗೂ ಒಬ್ಬ ಡೈರೆಕ್ಟರ್ ಸಿಗ್ತಾನೆ, ಅಲ್ಲಿವರೆಗೂ ಕಾಯ್ತೀನಿ’ ಅಂತಾಳೆ. ಅವಳಪ್ಪ ‘ದುಡ್ಡು ಬರ್ತಿದೆಯಲ್ಲ, ಹೋಗು’ ಅಂತಾರೆ. ಜೊತೆಗೆ ನಮ್ಮ ಬಣ್ಣ, ನಮ್ಮ ಹೆಸರು. ಇಲ್ಲಿ ಅವಳಿಗೆ ಎಂಥ ಪಾತ್ರ ಕೊಡ್ತಾರೆ ಅನ್ನೋ ಭಯವೂ ಇದೆ. ಯಾರ ಮಾತು ಸರಿ?

ಉತ್ತರ: ನಿಮ್ಮ ಪತ್ರ ಓದಿ ಮೊದಲು ನಗು ಬಂತು, ಯಾಕೆಂದರೆ ಇದೇ ಪ್ರಶ್ನೆಯನ್ನು ನಾನು ಈ ಊರಲ್ಲಿ ಕಾಸ್ಟಿಂಗ್, ಅಂದರೆ ಪಾತ್ರಗಳಿಗೆ ನಟರನ್ನು ಆರಿಸುವ ಕೆಲಸ ಮಾಡಿದ ಹದಿನಾರು ವರ್ಷದಲ್ಲಿ ಸ್ಪ್ಯಾನಿಷ್ ತಾಯಂದಿರ ಬಾಯಲ್ಲಿ ಎಷ್ಟು ಸಲ ಕೇಳಿದ್ದೇನೋ ಲೆಕ್ಕವಿಲ್ಲ. ಕನ್ನಡದಲ್ಲಿ ಕೇಳಿದ್ದು ಇದೇ ಮೊದಲು.

ನಿಮ್ಮ ಗಾಬರಿಯಲ್ಲಿ ಮೂರು ಬೇರೆ ಬೇರೆ ವಿಷಯ ಸೇರಿಕೊಂಡಿವೆ. ಟಿವಿಗೆ ಹೋದರೆ ಸಿನಿಮಾ ಬಾಗಿಲು ಮುಚ್ಚುತ್ತಾ ಅನ್ನೋದು ಒಂದು. ಒಬ್ಬ ದೊಡ್ಡ ನಿರ್ದೇಶಕನಿಗಾಗಿ ಕಾಯೋದು ಜಾಣತನವಾ ಅನ್ನೋದು ಇನ್ನೊಂದು. ಬಣ್ಣದ ವಿಷಯ ಮೂರನೆಯದು. ಎರಡನೆಯದರಿಂದಲೇ ಶುರು ಮಾಡುತ್ತೇನೆ, ನಿಮ್ಮ ಮಗಳು ದೇವರು ಅಂದವರ ಕಥೆ ಅಲ್ಲೇ ಇದೆ. ಆ ಕಥೆಯನ್ನು ಅವಳು ತಿರುವುಮುರುವಾಗಿ ಓದಿಕೊಂಡಿದ್ದಾಳೆ ಅಂತ ನನ್ನ ಅನುಮಾನ.

ಸ್ಪೇನ್‌ನ ಹೆಸರಾಂತ ನಿರ್ದೇಶಕ ಅಲ್ಮೊದೋವರ್ ಕಾರ್ಮೆನ್ ಮೌರಾರನ್ನು ಎಲ್ಲಿಂದಲೋ ಹುಡುಕಿ ತಂದು ತಾರೆ ಮಾಡಿದರು ಅನ್ನೋದು ಕೇಳೋಕೆ ಚೆನ್ನಾಗಿದೆ. ಆದರೆ ವರ್ಷಗಳನ್ನು ಜೋಡಿಸಿ ನೋಡಿ. ಮೌರಾ ಹುಟ್ಟಿದ್ದು 1945ರ ಸೆಪ್ಟೆಂಬರ್‌ನಲ್ಲಿ, ಮ್ಯಾಡ್ರಿಡ್‌ನಲ್ಲೇ, ಮಂತ್ರಿ ಮಹನೀಯರಿದ್ದ ಸಂಪ್ರದಾಯಸ್ಥ ಮನೆತನದಲ್ಲಿ. ಇಪ್ಪತ್ತು ತುಂಬೋ ಹೊತ್ತಿಗೆ ವಕೀಲರೊಬ್ಬರ ಜೊತೆ ಮದುವೆ, ಆಮೇಲೆ ಎರಡು ಮಕ್ಕಳು. ಆಗ ಸರ್ವಾಧಿಕಾರಿ ಫ್ರಾಂಕೊ ಕಾಲ. ಮದುವೆಯಾದ ಹೆಂಗಸು ಕೆಲಸಕ್ಕೆ ಸೇರಬೇಕಾದರೆ, ಬ್ಯಾಂಕಿನಲ್ಲಿ ಖಾತೆ ತೆಗೆಯಬೇಕಾದರೆ ಗಂಡನ ಅನುಮತಿ ಬೇಕಿತ್ತು, ಆ ಕಾನೂನು ಹೋಗಿದ್ದು 1975ರಲ್ಲಿ. ಅಂಥ ಹೊತ್ತಲ್ಲಿ ಆ ಸಂಸಾರ ಮುರಿದು, ಈಕೆ ನಟನೆಗೆ ಬಂದರು. ನಾಟಕ ಮಾಡಿದರು, ಜನ ಕುಡೀತಾ ತಿಂತಾ ಕೂತಿರುವಾಗ ನಡೆಯುವ ಕೆಫೆ ನಾಟಕಗಳನ್ನು ಮಾಡಿದರು, ಸಿನಿಮಾದಲ್ಲಿ ಸಣ್ಣಪುಟ್ಟ ಪಾತ್ರ ಮಾಡಿದರು. 1977ರಲ್ಲಿ ನಿರ್ದೇಶಕ ಫೆರ್ನಾಂದೊ ಕೊಲೋಮೊ ತಮ್ಮ ಮೊದಲ ಚಿತ್ರಕ್ಕೆ ಈಕೆಯನ್ನೇ ನಾಯಕಿ ಮಾಡಿದರು.

ಅಲ್ಮೊದೋವರ್ ಜೊತೆ ಪರಿಚಯ ಆಗಿದ್ದು ರಂಗಭೂಮಿಯಲ್ಲಿ. ಫ್ರೆಂಚ್ ಲೇಖಕ ಸಾರ್ತ್ರ್ ಅವರ ನಾಟಕವೊಂದರಲ್ಲಿ ಮೌರಾಗೆ ದೊಡ್ಡ ಪಾತ್ರ, ಅಲ್ಮೊದೋವರ್‌ಗೆ ಚಿಕ್ಕದು. ಅವರು ಆಗ ಹಗಲು ಟೆಲಿಫೋನ್ ಕಂಪನಿಯಲ್ಲಿ ನೌಕರಿ ಮಾಡಿಕೊಂಡು, ಬಿಡುವಿನಲ್ಲಿ ಸೂಪರ್ 8 ಅನ್ನೋ ಪುಟ್ಟ ಕ್ಯಾಮೆರಾದಲ್ಲಿ ಏನೇನೋ ತೆಗೆಯುತ್ತಿದ್ದ ಹುಡುಗ. ಅಂದರೆ ಆ ಕೋಣೆಯಲ್ಲಿ ಹೆಸರಿದ್ದವರು ಈಕೆ! ಅಲ್ಮೊದೋವರ್ ಅವರ ಮೊದಲ ದೊಡ್ಡ ಚಿತ್ರ ‘ಪೆಪಿ, ಲೂಸಿ, ಬೊಮ್’ 1980ರಲ್ಲಿ ಬಂತು. ಅದನ್ನು ರಜಾ ದಿನಗಳಲ್ಲಿ, ಸ್ನೇಹಿತರ ಹತ್ತಿರ ಎತ್ತಿದ ದುಡ್ಡಲ್ಲಿ, ವರ್ಷಕ್ಕೂ ಜಾಸ್ತಿ ಕಾಲ ಎಳೆದು ಮುಗಿಸಿದ್ದು. ಆ ದುಡ್ಡು ಎತ್ತುವುದಕ್ಕೆ ಓಡಾಡಿದವರಲ್ಲಿ ಮೌರಾ ಕೂಡ ಒಬ್ಬರು. ಆಗ ಆಕೆಗೆ ವಯಸ್ಸು ಮೂವತ್ತರ ಮೇಲೆ. ಒಬ್ಬ ನಿರ್ದೇಶಕ ಬಂದು ತನ್ನನ್ನು ಎತ್ತಿಕೊಳ್ಳಲಿ ಅಂತ ಕೂತಿದ್ದವರು ಇದನ್ನೆಲ್ಲ ಮಾಡ್ತಾರಾ?

ಈಗ ಟಿವಿ ವಿಷಯ. 1982ರಲ್ಲಿ ಬಂದ ಅಲ್ಮೊದೋವರ್ ಅವರ ಎರಡನೇ ಚಿತ್ರದಲ್ಲಿ ಮೌರಾ ಇಲ್ಲ. ಆ ಹೊತ್ತಿಗೆ ಆಕೆ ಸರ್ಕಾರಿ ಟಿವಿಯಲ್ಲಿ ‘ಎಸ್ತಾ ನೋಚೆ’ ಅನ್ನೋ ರಾತ್ರಿ ಕಾರ್ಯಕ್ರಮ ನಡೆಸಿಕೊಡುತ್ತಿದ್ದರು. ಸಂದರ್ಶನ, ಹಾಸ್ಯ, ತಮಾಷೆಯ ದೃಶ್ಯ, ಎಲ್ಲ ಸೇರಿದ ಕಾರ್ಯಕ್ರಮ. ‘ನೇನಾ, ತು ಬಾಲೆಸ್ ಮೂಚೊ’, ಅಂದರೆ ‘ಹುಡುಗೀ, ನಿನ್ನ ಬೆಲೆ ಜಾಸ್ತಿ ಕಣೇ’ ಎನ್ನುವ ಒಂದು ಮಾತು ಆಗ ಇಡೀ ದೇಶದ ಬಾಯಲ್ಲಿ. ಸ್ಪೇನ್‌ನಲ್ಲಿ ಆಗ ಇದ್ದದ್ದು ಎರಡೇ ಸರ್ಕಾರಿ ಚಾನೆಲ್. ದೂರದರ್ಶನ ಒಂದೇ ಇದ್ದ ಕಾಲದ ನಮ್ಮ ಊರುಗಳನ್ನು ನೆನಪು ಮಾಡಿಕೊಳ್ಳಿ, ಅಷ್ಟೇ ಸಾಕು. ಮೀನು ಮಾರುವವರಿಂದ ಮಂತ್ರಿವರೆಗೆ ಎಲ್ಲರಿಗೂ ಈ ಮುಖ ಗೊತ್ತಾಯ್ತು. ನಿಮ್ಮ ಮಗಳು ದೇವರು ಅಂತ ಕೈಮುಗಿಯುವ ಪಾತ್ರಗಳೆಲ್ಲ ಬಂದದ್ದು ಇದರ ನಂತರ.

ಅವುಗಳಲ್ಲಿ ಒಂದನ್ನು ಹೇಳದೆ ಇರಲಾರೆ. 1987ರ ‘ಲಾ ಲೇಯ್ ದೆಲ್ ದೆಸೆಯೊ’ದಲ್ಲಿ ಆಕೆ ತೀನಾ, ಗಂಡಾಗಿ ಹುಟ್ಟಿ ಹೆಣ್ಣಾದವಳು. ಬೇಸಿಗೆ ರಾತ್ರಿ, ಮ್ಯಾಡ್ರಿಡ್‌ನ ಸೆಕೆ. ನಗರಸಭೆಯವರು ದಪ್ಪ ಪೈಪಿನಲ್ಲಿ ರಸ್ತೆ ತೊಳೆಯುತ್ತಿದ್ದಾರೆ. ಮೈಗಂಟಿದ ಬಟ್ಟೆಯಲ್ಲಿ ನಡೆದು ಬರುತ್ತಿದ್ದವಳು ನಿಂತು, ನನ್ನ ಮೇಲೆ ಬಿಡಪ್ಪಾ, ನಾಚಿಕೊಳ್ಳಬೇಡ ಅಂತ ಕೂಗುತ್ತಾಳೆ. ನೀರಿನ ಹೊಡೆತಕ್ಕೆ ಗೋಡೆಯ ಹತ್ತಿರ ತತ್ತರಿಸುತ್ತಾಳೆ, ಬಟ್ಟೆ ಪೂರ್ತಿ ಒದ್ದೆ, ಕಣ್ಣು ಮುಚ್ಚಿದೆ, ಮುಖದಲ್ಲಿ ಮಗುವಿಗೆ ಸ್ನಾನ ಮಾಡಿಸಿದಾಗ ಬರುವಂಥ ನೆಮ್ಮದಿ. ಹಿಂದೆ ಇರೋದು ಕೊಂದೆ ದೂಕೆ ಕಟ್ಟಡದ ಗೋಡೆ. ನಾನು ಈ ಊರಿಗೆ ಬಂದ ಹೊಸದರಲ್ಲಿ ಹೋಗಿ ಆ ಗೋಡೆ ಮುಟ್ಟಿ ಬಂದಿದ್ದೆ, ಹುಚ್ಚು ಅಂದುಕೊಳ್ಳಿ ಪರವಾಗಿಲ್ಲ. ನಾನು ಹೇಳೋದೇನೆಂದರೆ, ಕ್ಯಾಮೆರಾ ಇದೆ ಅನ್ನೋದನ್ನೇ ಮರೆತ ಆ ಸಲೀಸು ಸುಮ್ನೆ ಬರಲ್ಲ. ಗ್ಲಾಸು ತಟ್ಟೆ ಸದ್ದಿನ ಮಧ್ಯೆ ಕೆಫೆಯಲ್ಲಿ ಆಡಿದ್ದು, ರಾತ್ರಿ ರಾತ್ರಿ ಟಿವಿಯಲ್ಲಿ ನಿಂತು ಮಾತಾಡಿದ್ದು, ಅದೆಲ್ಲ ಆ ಮೈಯೊಳಗೆ ಇದೆ.

ಇನ್ನು ‘ಒಬ್ಬ ಸಿಕ್ಕರೆ ಸಾಕು’ ಅನ್ನೋ ಆಸೆಯ ಇನ್ನೊಂದು ಮುಖವನ್ನೂ ನಿಮ್ಮ ಮಗಳಿಗೆ ತೋರಿಸಿ. 1980ರಿಂದ 1988ರವರೆಗೆ ಇಬ್ಬರೂ ಸೇರಿ ಆರು ಚಿತ್ರ ಮಾಡಿದರು. ಕೊನೆಯದು ‘ವಿಮೆನ್ ಆನ್ ದ ವರ್ಜ್ ಆಫ್ ಎ ನರ್ವಸ್ ಬ್ರೇಕ್‌ಡೌನ್’. ಆಸ್ಕರ್‌ಗೆ ನಾಮನಿರ್ದೇಶನ ಆಯ್ತು, ಮೌರಾಗೆ ಯುರೋಪಿಯನ್ ಫಿಲ್ಮ್ ಪ್ರಶಸ್ತಿ ಬಂತು, ಸ್ಪೇನ್‌ನ ದೊಡ್ಡ ಪ್ರಶಸ್ತಿಯಾದ ಗೋಯಾ ಬಂತು. ಅದೇ ಹೊತ್ತಿಗೆ ಇಬ್ಬರೂ ಮುನಿಸಿಕೊಂಡರು! 1990ರ ಗೋಯಾ ಸಮಾರಂಭವನ್ನು ಮೌರಾ ನಡೆಸಿಕೊಡುತ್ತಿದ್ದಾಗ ಅಲ್ಮೊದೋವರ್ ಬರ್ಲಿನ್ ಗೋಡೆಯ ಒಂದು ತುಂಡು ತಂದು ವೇದಿಕೆಯಲ್ಲೇ ಕೈಗೆ ಕೊಟ್ಟರು. ಆ ಗೋಡೆಯೇ ಬಿತ್ತಲ್ಲ, ನಮ್ಮಿಬ್ಬರ ನಡುವಿನದ್ದು ಯಾಕೆ ಬೀಳಬಾರದು ಅನ್ನೋ ಅರ್ಥದಲ್ಲಿ. ಜನ ಚಪ್ಪಾಳೆ ತಟ್ಟಿದರು. ಆದರೂ ಮುಂದಿನ ಚಿತ್ರ ಒಟ್ಟಿಗೆ ಮಾಡಿದ್ದು 2006ರಲ್ಲಿ, ‘ವೋಲ್ವೆರ್’. ನಡುವೆ 18 ವರ್ಷ.

ಒಬ್ಬನನ್ನೇ ನಂಬಿದ್ದ ನಟಿ ಆಗಿದ್ದರೆ ಅಲ್ಲಿಗೆ ಕಥೆ ಮುಗೀತಿತ್ತು, ಅಲ್ವಾ? ಈಕೆ 1990ರಲ್ಲೇ ನಿರ್ದೇಶಕ ಕಾರ್ಲೋಸ್ ಸೌರಾ ಜೊತೆ ‘ಆಯ್ ಕಾರ್ಮೆಲಾ’ ಮಾಡಿದರು, ಅಂತರ್ಯುದ್ಧದ ಕಾಲದ ಊರೂರು ತಿರುಗುವ ಕಲಾವಿದೆಯ ಪಾತ್ರ, ಎರಡನೇ ಗೋಯಾ. ಗಡಿ ದಾಟಿ ಫ್ರಾನ್ಸ್‌ಗೆ ಹೋಗಿ ಫ್ರೆಂಚ್‌ನಲ್ಲೇ ನಟಿಸಿದರು. 90ರ ದಶಕದ ಕೊನೆಗೆ ಸರ್ಕಾರಿ ಟಿವಿಗೆ ವಾಪಸ್ ಬಂದು ‘ಆ ಲಾಸ್ ಓನ್ಸೆ ಎನ್ ಕಾಸಾ’ ಎನ್ನುವ ಕುಟುಂಬದ ಹಾಸ್ಯ ಸರಣಿ ಮಾಡಿದರು. ಎರಡು ಗೋಯಾ ಮನೆಯಲ್ಲಿಟ್ಟುಕೊಂಡು ಟಿವಿಗೆ ಬಂದರಲ್ಲ ಅಂತ ಮೂಗು ಮುರಿದವರು ಇದ್ದಿರಬಹುದು. ಅದಾದ ಕೂಡಲೇ 2000ದಲ್ಲಿ ಆಲೆಕ್ಸ್ ದೆ ಲಾ ಇಗ್ಲೇಸಿಯಾ ಅವರ ‘ಲಾ ಕೊಮುನಿದಾದ್’ ಬಂತು. ಸತ್ತ ಮುದುಕನ ಫ್ಲ್ಯಾಟಿನಲ್ಲಿ 30 ಕೋಟಿ ಪೆಸೆಟಾ (ಸ್ಪೇನ್‌ನ ಆಗಿನ ಹಣ) ಸಿಕ್ಕ ಮನೆ ಏಜೆಂಟ್, ಅವಳ ಹಿಂದೆ ಬೀಳುವ ಇಡೀ ಕಟ್ಟಡದ ನೆರೆಹೊರೆ. ಮೂರನೇ ಗೋಯಾ. ‘ವೋಲ್ವೆರ್’ಗೆ ನಾಲ್ಕನೆಯದು. 2012ರಲ್ಲಿ, 66ನೇ ವಯಸ್ಸಿನಲ್ಲಿ, ಪ್ಯಾರಿಸ್‌ನ ಸ್ಪ್ಯಾನಿಷ್ ಮನೆಗೆಲಸದವರ ಕಥೆಗೆ ಫ್ರಾನ್ಸ್‌ನ ಸೆಸಾರ್ ಪ್ರಶಸ್ತಿ. 2024ರಲ್ಲಿ ಆಪಲ್‌ನ ‘ಲ್ಯಾಂಡ್ ಆಫ್ ವಿಮೆನ್’ ಸರಣಿಯಲ್ಲಿ ಅಜ್ಜಿ. 2025ರಲ್ಲಿ, 80ರ ಹೊಸ್ತಿಲಲ್ಲಿ, ಮರಿಯಂ ತುಝಾನಿ ಅವರ ‘ಕಾಯೆ ಮಾಲಾಗಾ’ದಲ್ಲಿ ನಾಯಕಿ. ಮೊರಾಕ್ಕೊದ ಟ್ಯಾಂಜಿಯರ್‌ನಲ್ಲಿರುವ ತನ್ನ ಮನೆ ಮಾರಲು ಬಂದ ಮಗಳಿಗೆ ಜಗ್ಗದ ಮುದುಕಿ. ವೆನಿಸ್ ಚಿತ್ರೋತ್ಸವದಲ್ಲಿ ಅದಕ್ಕೆ ಪ್ರೇಕ್ಷಕರ ಪ್ರಶಸ್ತಿ ಬಂತು.

ಹಾಗಾದರೆ ಮೇಷ್ಟ್ರ ಮಾತು ಪೂರ್ತಿ ಸುಳ್ಳಾ? ಪೂರ್ತಿ ಅಲ್ಲ. ಟಿವಿ ಅಂದರೆ ಎರಡನೇ ದರ್ಜೆ ಅನ್ನೋ ಮಾತು ಇಲ್ಲಿ ನಿಜವಾಗಿಯೂ ಇತ್ತು, ನಾನು ಕೆಲಸಕ್ಕೆ ಸೇರಿದಾಗ ಕೆಲವು ನಿರ್ದೇಶಕರು ಫೋಟೊ ನೋಡಿಯೇ ‘ಇವಳು ಸೀರಿಯಲ್‌ನವಳು’ ಅಂತ ಪಕ್ಕಕ್ಕೆ ಇಡುತ್ತಿದ್ದರು. ಆದರೆ ಆ ಮುದ್ರೆ ದಾಟಿ ಬಂದವರೂ ಇದ್ದಾರೆ. ಬೆಲೆನ್ ರುಯೆದಾ ಟಿವಿ ನಿರೂಪಕಿಯಾಗಿ, ಧಾರಾವಾಹಿ ನಟಿಯಾಗಿ ಮನೆಮಾತಾಗಿದ್ದವರು. ಮೊದಲ ಸಿನಿಮಾ ಮಾಡಿದ್ದು 2004ರಲ್ಲಿ, 39ನೇ ವಯಸ್ಸಿಗೆ, ಅದಕ್ಕೆ ಗೋಯಾದ ಹೊಸ ನಟಿ ಪ್ರಶಸ್ತಿ ಬಂತು. 39ಕ್ಕೆ ಹೊಸ ನಟಿ! ನಿಮ್ಮ ಮಗಳಿಗೆ ಇನ್ನೂ ಹತ್ತಿರದ ಉದಾಹರಣೆ ಪಿಲಾರ್ ಲೋಪೆಸ್ ದೆ ಆಯಾಲಾ. ‘ಆಲ್ ಸಾಲಿರ್ ದೆ ಕ್ಲಾಸೆ’ ಅಂತ ಮಧ್ಯಾಹ್ನ ಬರುತ್ತಿದ್ದ ಹೈಸ್ಕೂಲ್ ಹುಡುಗರ ದಿನದ ಧಾರಾವಾಹಿಯಿಂದ ಬಂದವರು, 2001ರಲ್ಲಿ ರಾಣಿ ಹ್ವಾನಾ ಪಾತ್ರ ಮಾಡಿ ಮುಖ್ಯ ನಟಿಯ ಗೋಯಾನೇ ಗೆದ್ದರು. ಕಾರ್ಮೆನ್ ಮಾಚಿ ಅವರದ್ದಂತೂ ಸರಣಿಯಿಂದ ಸರಣಿಗೆ ಬೆಳೆದ ಹೆಸರು. ಈಗ ಹಣವೆಲ್ಲ ಸರಣಿಗಳಲ್ಲೇ ಇರುವುದರಿಂದ ಸಿನಿಮಾ ನಿರ್ದೇಶಕರೇ ಅಲ್ಲಿ ಬಂದು ನಿಂತಿದ್ದಾರೆ, ಯಾರು ಯಾರನ್ನು ಕೀಳು ಅಂತಾರೆ?

ಆದರೆ ದಿನದ ಧಾರಾವಾಹಿಯಲ್ಲಿ ಒಂದು ನಿಜವಾದ ಅಪಾಯ ಇದೆ, ಮೇಷ್ಟ್ರು ಅದನ್ನೇ ಬೇರೆ ಮಾತಲ್ಲಿ ಹೇಳಿರಬಹುದು. ಸಿನಿಮಾದಲ್ಲಿ ದಿನಕ್ಕೆ ಮೂರ್ನಾಲ್ಕು ಪುಟ ತೆಗೆಯುತ್ತಾರೆ. ದಿನದ ಧಾರಾವಾಹಿಯಲ್ಲಿ ವಾರಕ್ಕೆ ಐದು ಕಂತು ಮುಗಿಯಬೇಕು. ಮೂರು ಕ್ಯಾಮೆರಾ ಒಟ್ಟಿಗೆ ಓಡುತ್ತವೆ, ಎರಡನೇ ಟೇಕ್‌ಗೆ ಡೈಲಾಗ್ ಸರಿ ಬಂದರೆ ಮುಂದಿನ ದೃಶ್ಯ. ಬೆಳಗಿನ ಜಾವ ಮೇಕಪ್, ರಾತ್ರಿ ಮನೆಗೆ ಬಂದು ನಾಳೆಯ ಹಾಳೆ ಬಾಯಿಪಾಠ. ಇದರಲ್ಲಿ ಮೊದಲ ಎಂಟು ತಿಂಗಳು ಕಲಿಯುವುದು ಬೇಕಾದಷ್ಟು: ಎಲ್ಲಿ ನಿಲ್ಲಬೇಕು ಅಂತ ನೆಲದ ಮೇಲೆ ಹಾಕಿದ ಗುರುತನ್ನು ನೋಡದೆಯೇ ಅದರ ಮೇಲೆ ನಿಲ್ಲೋದು, ಲೈಟ್ ಹುಡುಕಿಕೊಳ್ಳೋದು, ತಪ್ಪಿದಾಗ ನಿಲ್ಲಿಸದೆ ದಾಟಿಸೋದು. ಎರಡನೇ ವರ್ಷ ದಾಟಿದ ಮೇಲೆ ಅಳುವುದಕ್ಕೆ ಒಂದು ಮುಖ, ಗಾಬರಿಗೆ ಒಂದು ಮುಖ ಅಂತ ರೆಡಿ ಮಾಡಿ ಇಟ್ಟುಕೊಳ್ಳುವ ಚಟ ಹತ್ತುತ್ತೆ. ಆಡಿಷನ್‌ಗೆ ಬಂದು ಕೂತಾಗ ನಮಗೆ ಮೊದಲ ನಿಮಿಷದಲ್ಲೇ ಗೊತ್ತಾಗುತ್ತೆ. ಚಾನೆಲ್ ನೋಡಿ ಯಾರೂ ತಳ್ಳಲ್ಲ, ಆ ರೆಡಿ ಮುಖ ನೋಡಿ ತಳ್ಳುತ್ತಾರೆ.

ಕಾಯುವುದರ ಅಪಾಯ ಇನ್ನೂ ದೊಡ್ಡದು, ಕಣ್ಣಿಗೆ ಕಾಣಲ್ಲ ಅಷ್ಟೆ. ಇಲ್ಲಿನ ನಟರ ಹಕ್ಕುಗಳ ಸಂಸ್ಥೆ ಆಯ್ಸ್‌ಹೆ 2016ರಲ್ಲಿ ನಡೆಸಿದ ಅಧ್ಯಯನದ ಪ್ರಕಾರ ಬರೀ ನಟನೆಯಿಂದ ಬದುಕಬಲ್ಲವರು ಸುಮಾರು ನೂರಕ್ಕೆ 8 ಜನ. ನನ್ನ ಮುಂದೆ ಒಬ್ಬ ಹುಡುಗಿ ಕೂತಿದ್ದು ಇನ್ನೂ ನೆನಪಿದೆ. ಒಳ್ಳೆ ನಟಿ. ನಿರ್ದೇಶಕರೊಬ್ಬರು ನಿನ್ನನ್ನು ಮನಸ್ಸಲ್ಲಿಟ್ಟೇ ಬರೀತಿದ್ದೀನಿ ಅಂದಿದ್ದರಂತೆ, ಅದಕ್ಕೆ ನಾವು ಕೊಟ್ಟ ಎರಡು ಸರಣಿ ಬಿಟ್ಟಳು. ಆ ಚಿತ್ರ ಶುರುವೇ ಆಗಲಿಲ್ಲ. ಮೂರು ವರ್ಷದ ನಂತರ ಬಂದಾಗ ಅವಳ ಬಯೋಡೇಟಾದಲ್ಲಿ ಹೊಸದೊಂದು ಸಾಲೂ ಇರಲಿಲ್ಲ.

ಬಣ್ಣದ ವಿಷಯದಲ್ಲಿ ನಿಮಗೆ ಸುಳ್ಳು ಸಮಾಧಾನ ಹೇಳಲ್ಲ. ನಮ್ಮಂಥ ಮುಖದವರಿಗೆ ಬರುವ ಪಾತ್ರಗಳಲ್ಲಿ ಅಂಗಡಿ ಹುಡುಗಿ, ಮನೆ ನೋಡಿಕೊಳ್ಳುವವಳು, ಒಡಕು ಸ್ಪ್ಯಾನಿಷ್ ಮಾತಾಡುವ ಯಾರೋ ಒಬ್ಬಳು ಜಾಸ್ತಿ. ಇಲ್ಲೇ ಬೆಳೆದು ಮ್ಯಾಡ್ರಿಡ್‌ನವರ ಹಾಗೇ ಮಾತಾಡುವ ಹುಡುಗಿಗೆ, ಸ್ವಲ್ಪ ಉಚ್ಚಾರ ಕೆಡಿಸಿ ಹೇಳು ಅಂದದ್ದನ್ನು ನಾನೇ ಕೇಳಿದ್ದೇನೆ. ಆದರೆ ನರ್ಸ್ ಪಾತ್ರ ಅಂದ ಮಾತ್ರಕ್ಕೆ ಅದು ಹಾಗೇ ಅಂತ ತೀರ್ಮಾನ ಮಾಡಬೇಡಿ. ಪಾತ್ರಕ್ಕೆ ಹೆಸರಿನ ಜೊತೆ ಮನೆತನದ ಹೆಸರೂ ಇದೆಯಾ, ಅವಳಿಗೆ ಒಂದು ಮನೆ, ಅಮ್ಮ, ಜಗಳ, ಪ್ರೇಮ ಏನಾದರೂ ಬರೆದಿದ್ದಾರಾ, ಅಥವಾ ಡಾಕ್ಟರ್ ಕೈಗೆ ಫೈಲ್ ಕೊಟ್ಟು ಹೋಗುವುದಷ್ಟೇನಾ? ಮೊದಲ ಇಪ್ಪತ್ತು ಕಂತಿನ ಕಥಾಸಾರ ಕೇಳಿ ಪಡೆಯಿರಿ. ಆಡಿಷನ್‌ಗೆ ಕೊಟ್ಟ ಹಾಳೆಯಿಂದ ಏನೂ ಗೊತ್ತಾಗಲ್ಲ, ಅದನ್ನು ಎಷ್ಟೋ ಸಲ ಆಡಿಷನ್‌ಗೆ ಅಂತಲೇ ಬರೆದಿರುತ್ತಾರೆ.

ಈಗ ಮುಂದೇನು? ಪಾತ್ರದಲ್ಲಿ ಹುರುಳಿದ್ದರೆ ನಾನಾದರೆ ಆರು ತಿಂಗಳಿಗೆ ಹೂಂ ಅಂತೀನಿ. ಓದು ಕೆಡುತ್ತೆ ಅನ್ನೋದು ನಿಜ, ನಾಟಕ ಶಾಲೆಗಳಲ್ಲಿ ಹಾಜರಾತಿ ಬಿಗಿ, ಎರಡನ್ನೂ ಒಟ್ಟಿಗೆ ಎಳೆಯುತ್ತೇನೆ ಅಂತ ಹೋದವರು ಎರಡರಲ್ಲೂ ಸೋತು ಬಂದಿದ್ದನ್ನು ನೋಡಿದ್ದೇನೆ. ಒಂದು ವರ್ಷ ನಿಲ್ಲಿಸಿ ವಾಪಸ್ ಸೇರುವ ಅವಕಾಶ ಇದೆಯಾ ಅಂತ ಶಾಲೆ ಕಚೇರಿಯಲ್ಲಿ ಲಿಖಿತವಾಗಿ ಕೇಳಿ. ಇಲ್ಲ ಅಂದರೆ ಸೀರಿಯಲ್ ಬಿಡೋದೂ ಒಂದು ಮರ್ಯಾದೆಯ ದಾರಿಯೇ, ಓದು ಮುಗಿಸಿ 22ಕ್ಕೆ ಬಂದರೆ ಯಾವ ರೈಲೂ ತಪ್ಪಲ್ಲ. ಆದರೆ ಬಿಡುವ ಕಾರಣ ಓದಾಗಿರಲಿ, ಬರದ ನಿರ್ದೇಶಕನಾಗಿರೋದು ಬೇಡ. ಮೂರನೇ ದಾರಿ, ಇದನ್ನು ಬಿಟ್ಟು ನೆಟ್‌ಫ್ಲಿಕ್ಸ್ ಥರದ ಪ್ಲಾಟ್‌ಫಾರ್ಮ್ ಸರಣಿಗಳ ಸಣ್ಣ ಪಾತ್ರಗಳಿಗೆ ಪ್ರಯತ್ನ ಮಾಡೋದು. ಎರಡು ಮೂರು ದಿನದ ಕೆಲಸ, ಹೆಸರು ದೊಡ್ಡದು, ಓದಿಗೂ ತೊಂದರೆ ಕಡಿಮೆ. ಕಲಿಕೆಯೂ ಕಡಿಮೆ, ಕೂತು ಕಾಯೋದೇ ಜಾಸ್ತಿ.

ದುಡ್ಡಿನ ವಿಷಯದಲ್ಲಿ ನಿಮ್ಮ ಯಜಮಾನರು ಹೇಳಿದ್ದರಲ್ಲಿ ತಪ್ಪಿಲ್ಲ, ಆದರೆ ಸಂಬಳ ಒಂದನ್ನೇ ನೋಡಬೇಡಿ. 2023ರಿಂದ ಕಲಾವಿದರಿಗೇ ಅಂತ ಒಂದು ನಿರುದ್ಯೋಗ ಭತ್ಯೆ ಬಂದಿದೆ. ಹಿಂದಿನ 18 ತಿಂಗಳಲ್ಲಿ 60 ದಿನ ಕಲಾ ಕೆಲಸ ಮಾಡಿ ಸಾಮಾಜಿಕ ಭದ್ರತೆ ಕಟ್ಟಿದ್ದರೆ 120 ದಿನ ಸಿಗುತ್ತೆ. ಆರು ತಿಂಗಳ ಧಾರಾವಾಹಿಯಲ್ಲಿ ಅಷ್ಟು ದಿನ ಕೂಡಿಕೊಳ್ಳಬಹುದು, ಆದರೆ ಲೆಕ್ಕಕ್ಕೆ ಬರೋದು ಅವಳಿಗೆ ಕೆಲಸ ಇದ್ದ ದಿನ ಮಾತ್ರ, ವಾರಕ್ಕೆ ಎಷ್ಟು ದಿನ ಅಂತ ಕೇಳಿಕೊಳ್ಳಿ. ಮರುಪ್ರಸಾರ ಆದಾಗ ಬರುವ ಚಿಲ್ಲರೆ ಹಣ ಆಯ್ಸ್‌ಹೆ ಮೂಲಕ ಬರುತ್ತೆ, ಮೊದಲ ಕಂತು ಬಂದ ಕೂಡಲೇ ಹೆಸರು ನೋಂದಾಯಿಸಿ, ಬಹಳ ಮಕ್ಕಳು ಮರೆತುಬಿಡ್ತಾರೆ.

ಶುಕ್ರವಾರ ಅಂದಿದ್ದೀರಿ. ಹಾಗಾದರೆ ಬುಧವಾರ ಅವಳ ಏಜೆಂಟ್‌ಗೆ ಫೋನ್ ಮಾಡಿಸಿ. ಆರು ತಿಂಗಳಾದ ಮೇಲೆ ಮುಂದುವರಿಸುವ ಹಕ್ಕು ಯಾರದ್ದು ಅಂತ ಕೇಳಲಿ. ಸಾಮಾನ್ಯವಾಗಿ ಅದನ್ನು ನಿರ್ಮಾಣ ಸಂಸ್ಥೆ ತನ್ನ ಕೈಯಲ್ಲೇ ಇಟ್ಟುಕೊಂಡಿರುತ್ತೆ, ಅಂದರೆ ಅವರು ಬೇಕೆಂದರೆ ಎರಡು ವರ್ಷ ಎಳೀಬಹುದು, ಇವಳಿಗೆ ಬೇಡ ಅಂದರೂ ಬಿಡುವ ಹಾಗಿಲ್ಲ. ಅದನ್ನು ಒಂದು ಸಲಕ್ಕೆ ಮಾತ್ರ ಅಂತ ಮಾಡಿಸಿ. ಈ ಅವಧಿಯಲ್ಲಿ ಬೇರೆ ಯಾವುದರಲ್ಲೂ ನಟಿಸಬಾರದು ಅನ್ನೋ ಷರತ್ತು ಇದ್ದರೆ ಅದು ಬೇರೆ ಟಿವಿಗೆ ಮಾತ್ರ ಇರಲಿ, ಸಿನಿಮಾ ನಾಟಕಕ್ಕೆ ಬೇಡ. ಸಿನಿಮಾ ಆಡಿಷನ್ ಬಂದರೆ ಅರ್ಧ ದಿನ ಬಿಡುತ್ತಾರಾ ಅಂತಲೂ ಬರವಣಿಗೆಯಲ್ಲಿ ತೆಗೆದುಕೊಳ್ಳಲಿ. ಏಜೆಂಟ್ ‘ಹೊಸಬಳು, ಇಷ್ಟೆಲ್ಲ ಕೇಳಿದರೆ ಆಫರ್ ಹೋಗುತ್ತೆ’ ಅನ್ನಬಹುದು. ಹೋಗಲ್ಲ. ಆಯ್ಕೆ ಆದವಳನ್ನು ಬಿಟ್ಟು ಮತ್ತೆ ಆಡಿಷನ್ ಕರೆಯೋದು ನಮಗೆ ಎಷ್ಟು ತಲೆನೋವು ಅಂತ ನನಗೆ ಗೊತ್ತು. ಕರಾರು ಪತ್ರ ಕೈಗೆ ಬಂದ ಮೇಲೆ ಅವಧಿ ಮತ್ತು ಈ ನಿರ್ಬಂಧದ ಪುಟಗಳನ್ನು ನನಗೆ ಕಳಿಸಿ, ಹೆಸರು ಮುಚ್ಚಿಯೇ ಕಳಿಸಿ. ಗುರುವಾರ ರಾತ್ರಿ ಕೂತು ಓದುತ್ತೇನೆ.